ದುಃಖಕ್ಕೆ ಮಾತ್ರೆ ನುಂಗುವುದು ಅವಿಶ್ವಾಸವೇ?



ಬಳ್ಳಾರಿಯಿಂದ ಸಿರುಗುಪ್ಪಕ್ಕೆ ಹೋಗುವ ದಾರಿಯಲ್ಲಿರುವ ತೆಕ್ಕಲಕೋಟೆಯನ್ನು ನಿಮ್ಮಲ್ಲಿ ಹಲವರು ಬಲ್ಲಿರಿ. ಬಂಡೆಗಲ್ಲಿನ ಬೆಟ್ಟಗಳು, ಅವುಗಳಾಚೆ ತುಂಗಭದ್ರೆಯ ನೀರುಂಡ ಭತ್ತದ ಗದ್ದೆಗಳು, ಏಪ್ರಿಲ್ ಬಂತೆಂದರೆ ಉಸಿರನ್ನೇ ಸುಡುವ ಬಿಸಿಲು. ಅಂತಹ ಒಂದು ಏಪ್ರಿಲಿನ ಮಧ್ಯಾಹ್ನ ಕುಟುಂಬ ಭೇಟಿಗೆಂದು ಹೋಗಿದ್ದ ಮನೆಯಲ್ಲಿ ಸುಮಾರು ಐವತ್ತರ ಪ್ರಾಯದ ತಾಯಿಯೊಬ್ಬರು, ಮಕ್ಕಳೆಲ್ಲ ಹೊರಗೆ ಹೋಗುವವರೆಗೂ ಕಾದಿದ್ದು, ಸೆರಗಿನ ತುದಿಯಲ್ಲಿ ಕಟ್ಟಿಕೊಂಡಿದ್ದ ಮಾತ್ರೆಗಳ ಪಟ್ಟಿಯೊಂದನ್ನು ಬಿಚ್ಚಿ ನನ್ನ ಮುಂದಿಟ್ಟರು. ಅಮಿಟ್ರಿಪ್ಟಿಲಿನ್, 25 ಮಿಲಿಗ್ರಾಂ. ತಿಂಗಳುಗಟ್ಟಲೆ ನಿದ್ರೆಯಿಲ್ಲದೆ, ಅನ್ನ ಸೇರದೆ, ಬದುಕೇ ಬೇಡವೆನಿಸಿ ಕುಳಿತಿದ್ದ ಅವರನ್ನು ಮಗಳು ವೈದ್ಯರಲ್ಲಿಗೆ ಕರೆದೊಯ್ದಿದ್ದಳು.

"ಫಾದರ್, ದೇವರ ಮ್ಯಾಲೆ ನಂಬಿಕಿ ಇದ್ದಾಕಿ ಇಂಥ ಗುಳಿಗಿ ನುಂಗಬಾರದು ಅಂತಾರ. ಖರೇ ಏನ್ರಿ? ಈಗ ಹತ್ತು ದಿನದಿಂದ ಪರಮಪ್ರಸಾದ ತಗೊಂಡ್ರ ಬಾಯಾಗ ಅಂಟಿಗೊಂಡು ಇಳಿಯೋದೇ ಇಲ್ಲ. ಸ್ವಾಮಿ ನನ್ನ ಒಲ್ಲೆ ಅಂತಾನೇನೋ."

ಕೂಡಲೇ ಉತ್ತರಿಸಲು ನನಗೆ ನಾಲಿಗೆ ಬರಲಿಲ್ಲ. ಅದರ ಕಾರಣವನ್ನು ನಿಮ್ಮಿಂದ ಮುಚ್ಚಿಡಲಾರೆ. ಗುರುದೀಕ್ಷೆ ಪಡೆದ ಹೊಸತರಲ್ಲಿ, ಬೇರೊಂದು ಊರಿನಲ್ಲಿ, ಇಂತಹುದೇ ಮಾತ್ರೆ ಸೇವಿಸುತ್ತಿದ್ದ ಯುವಕನೊಬ್ಬ ನನ್ನ ಬಳಿಗೆ ಬಂದಿದ್ದ. ಗುರುಮಠದಲ್ಲಿ ವರ್ಷಗಟ್ಟಲೆ ತತ್ತ್ವಶಾಸ್ತ್ರ, ದೈವಶಾಸ್ತ್ರ ಓದಿಬಂದಿದ್ದ ಧೈರ್ಯದಿಂದ, "ಇದನ್ನೆಲ್ಲ ಬಿಡು, ನಿತ್ಯ ಜಪಸರ ಮಾಡು, ಸರಿಹೋಗುತ್ತೀ" ಎಂದುಬಿಟ್ಟೆ. ಅವನು ನಂಬಿದ, ಅಂದೇ ಮಾತ್ರೆ ನಿಲ್ಲಿಸಿದ. ತಿಂಗಳು ತುಂಬುವುದರೊಳಗೆ ಒಂದು ರಾತ್ರಿ ಅವನನ್ನು ಕಾಲುವೆಯ ದಂಡೆಯಿಂದ ಮನೆಗೆ ಕರೆತರಬೇಕಾಯಿತು. ಅವನು ಉಳಿದದ್ದು ಅವನ ಅಣ್ಣನ ಎಚ್ಚರದಿಂದ, ನನ್ನ ಉಪದೇಶದಿಂದಲ್ಲ. ಆ ಬಳಿಕವೇ ನಾನು ಈ ಮಾತ್ರೆಗಳ ಬಗ್ಗೆ ಓದಲು, ವೈದ್ಯಮಿತ್ರರನ್ನು ಕೇಳಲು ತೊಡಗಿದೆ.

ಇವುಗಳ ಕಥೆ ಸ್ವಾರಸ್ಯಕರವಾದುದು. 1950ರ ದಶಕದಲ್ಲಿ ಸ್ವಿಟ್ಜರ್ಲೆಂಡಿನ ಮ್ಯೂನ್‌ಸ್ಟರ್‌ಲಿಂಗನ್ ಮಾನಸಿಕ ಆಸ್ಪತ್ರೆಯಲ್ಲಿ ರೋಲಾಂಡ್ ಕೂನ್ ಎಂಬ ವೈದ್ಯರು ಇಮಿಪ್ರಮಿನ್ ಎಂಬ ಹೊಸ ವಸ್ತುವನ್ನು ಸ್ಕಿಜೋಫ್ರೇನಿಯಾ ರೋಗಿಗಳಿಗೆ ಕೊಟ್ಟು ನೋಡಿದರು. ಅವರಿಗೆ ಅದರಿಂದ ಗುಣವಾಗಲಿಲ್ಲ. ಆದರೆ ತೀವ್ರ ಖಿನ್ನತೆಯಲ್ಲಿ ಮುಳುಗಿದ್ದವರಿಗೆ ಕೊಟ್ಟಾಗ ಅವರು ಮತ್ತೆ ಎದ್ದು ಕುಳಿತು ಮಾತನಾಡತೊಡಗಿದರು. 1957ರಲ್ಲಿ ಕೂನ್ ಇದನ್ನು ಪ್ರಕಟಿಸಿದರು. ಈ ಔಷಧದ ಅಣುವಿನಲ್ಲಿ ಮೂರು ಉಂಗುರಗಳಂತಹ ರಚನೆಯಿರುವುದರಿಂದ ಇದಕ್ಕೂ ಇದರ ಸೋದರ ಔಷಧಗಳಿಗೂ ಟ್ರೈಸೈಕ್ಲಿಕ್ ಎಂಬ ಹೆಸರು ಬಂತು. ಆ ತಾಯಿಯ ಸೆರಗಿನಲ್ಲಿದ್ದ ಅಮಿಟ್ರಿಪ್ಟಿಲಿನ್ 1961ರಿಂದ ಬಳಕೆಯಲ್ಲಿದೆ. ಅದೇ ಆಸ್ಪತ್ರೆಯಲ್ಲಿ ಅನೇಕ ಔಷಧಗಳನ್ನು ರೋಗಿಗಳಿಂದ ಸರಿಯಾದ ಸಮ್ಮತಿ ಪಡೆಯದೆಯೇ ಪ್ರಯೋಗಿಸಲಾಗಿತ್ತೆಂದು 2019ರಲ್ಲಿ ಇತಿಹಾಸಕಾರರು ದಾಖಲಿಸಿದರು. ಒಳಿತೊಂದು ನಮ್ಮ ಕೈಗೆ ಬರುವ ದಾರಿ ಯಾವಾಗಲೂ ಶುದ್ಧವಾಗಿರುವುದಿಲ್ಲ. ಇದನ್ನು ಓದಿದಂದಿನಿಂದ ನನಗೆ ಒಂದು ಬಗೆಯ ಕಸಿವಿಸಿ ಉಳಿದುಕೊಂಡಿದೆ.

ಇನ್ನು ನಮ್ಮ ಜಿಲ್ಲೆಯ ವಿಷಯ. 1982ರಲ್ಲಿ ರಾಷ್ಟ್ರೀಯ ಮಾನಸಿಕ ಆರೋಗ್ಯ ಕಾರ್ಯಕ್ರಮ ಜಾರಿಗೆ ಬಂದಾಗ, ಹಳ್ಳಿಯ ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲಿಯೇ ಮನೋರೋಗಕ್ಕೆ ಚಿಕಿತ್ಸೆ ಸಾಧ್ಯವೇ ಎಂಬ ಪ್ರಶ್ನೆಗೆ ಉತ್ತರ ಹುಡುಕಲು ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆ ಆರಿಸಿಕೊಂಡದ್ದು ಅಂದಿನ ಅವಿಭಜಿತ ಬಳ್ಳಾರಿ ಜಿಲ್ಲೆಯನ್ನು. 1985ರಿಂದ 1990ರವರೆಗೆ, ಸುಮಾರು 20 ಲಕ್ಷ ಜನರಿದ್ದ ಜಿಲ್ಲೆಯಲ್ಲಿ ಸಾಮಾನ್ಯ ವೈದ್ಯರಿಗೂ ಆರೋಗ್ಯ ಕಾರ್ಯಕರ್ತರಿಗೂ ತರಬೇತಿ ನೀಡಿ, ಕೆಲವೇ ಅತ್ಯಗತ್ಯ ಔಷಧಗಳನ್ನು ಕೈಗೆ ಕೊಟ್ಟು ಕೆಲಸ ನಡೆಸಲಾಯಿತು. 1996ರಲ್ಲಿ ದೇಶದ ಇತರ ಜಿಲ್ಲೆಗಳಿಗೆ ಹಬ್ಬತೊಡಗಿದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ ಮಾದರಿಯಾದದ್ದು ಇದೇ. 'ಬಳ್ಳಾರಿ ಮಾದರಿ' ಎಂದು ವೈದ್ಯಲೋಕ ಇಂದಿಗೂ ಅದನ್ನು ಕರೆಯುತ್ತದೆ. ದೇಶಕ್ಕೆ ಮಾದರಿ ತೋರಿಸಿದ ಜಿಲ್ಲೆಯಲ್ಲಿಯೇ ತಾಯಿಯೊಬ್ಬಳು ಮಾತ್ರೆಯನ್ನು ಕದ್ದ ಒಡವೆಯಂತೆ ಸೆರಗಿನಲ್ಲಿ ಅಡಗಿಸಿಡಬೇಕೇ?

ಹಾಗಾದರೆ ಆಕೆಯ ಪ್ರಶ್ನೆಗೆ ಬರೋಣ. ಅದೇ ಬೀದಿಯಲ್ಲಿ ಸಕ್ಕರೆ ಕಾಯಿಲೆಯಿಂದ ಪಾದ ಉರಿಯುವ ಹಿರಿಯರೊಬ್ಬರು ರಾತ್ರಿ ಮಲಗುವಾಗ ಅದೇ ಅಮಿಟ್ರಿಪ್ಟಿಲಿನ್ ಸೇವಿಸುತ್ತಿದ್ದರು. ನರಗಳ ನೋವಿಗೆ, ಮರುಕಳಿಸುವ ಅರೆತಲೆನೋವನ್ನು ತಡೆಯಲು ಸಣ್ಣ ಪ್ರಮಾಣದಲ್ಲಿ ಅದನ್ನು ಕೊಡುವುದುಂಟು. ಹಾಸಿಗೆ ಒದ್ದೆ ಮಾಡುವ ಮಕ್ಕಳಿಗೆ ಕೆಲವೊಮ್ಮೆ ಇಮಿಪ್ರಮಿನ್ ಕೊಡುತ್ತಾರೆ. ಒಂದೇ ಆಲೋಚನೆ ಮತ್ತೆ ಮತ್ತೆ ಕಾಡುವ ಗೀಳು ರೋಗಕ್ಕೆ ಕ್ಲೋಮಿಪ್ರಮಿನ್ ಉಂಟು. (ಕ್ಷಮೆ ಪಡೆದ ಅದೇ ಪಾಪವನ್ನು ವಾರಕ್ಕೆ ಮೂರು ಬಾರಿ ನಿವೇದಿಸಲು ಬರುವ ಕೆಲವರನ್ನು ಕಂಡಾಗ ನನಗೀಗ ಇದು ನೆನಪಾಗುತ್ತದೆ.) ಆ ಹಿರಿಯರನ್ನು ಯಾರೂ ಅವಿಶ್ವಾಸಿ ಎನ್ನಲಿಲ್ಲ. ಪಾದದ ಉರಿಗೆ ನುಂಗಿದರೆ ಔಷಧ, ಎದೆಯ ಉರಿಗೆ ನುಂಗಿದರೆ ಅವಿಶ್ವಾಸ! ಮಾತ್ರೆ ಮಾತ್ರ ಒಂದೇ.

ಮನಸ್ಸು ಆತ್ಮದ ನೆರೆಮನೆಯಾದ್ದರಿಂದ ಅಲ್ಲಿಗೆ ಔಷಧ ಕಾಲಿಡಬಾರದು ಎಂದು ನಾವು ಭಾವಿಸುತ್ತೇವೆ. ಆದರೆ ನಮ್ಮ ಪರಂಪರೆ ಹಾಗೆ ಹೇಳಿಲ್ಲ. 13ನೆಯ ಶತಮಾನದ ಸಂತ ಥಾಮಸ್ ಅಕ್ವಿನಾಸರು ದುಃಖಶಮನದ ಉಪಾಯಗಳನ್ನು ವಿಚಾರಿಸುವಾಗ ಗೆಳೆಯರ ಅನುಕಂಪ, ಕಣ್ಣೀರು, ಸತ್ಯದ ಚಿಂತನೆ ಇವುಗಳ ಜೊತೆಗೆ ನಿದ್ರೆಯನ್ನೂ ಸ್ನಾನವನ್ನೂ ಸೇರಿಸಿದ್ದಾರೆ. ದೇಹಕ್ಕೆ ಆದ ಉಪಶಮನ ಮನಸ್ಸನ್ನು ಮುಟ್ಟುತ್ತದೆ ಎಂಬುದು ಅವರ ತರ್ಕ. ಪ್ರವಾದಿ ಎಲೀಯನನ್ನು ನೆನೆಯಿರಿ. ಜಾಲಿಯ ಮರದಡಿ ಕುಳಿತು ಸಾವನ್ನು ಬೇಡಿದ ಅವನಿಗೆ ದೇವದೂತ ಉಪದೇಶ ಮಾಡಲಿಲ್ಲ, 'ನಿನ್ನ ವಿಶ್ವಾಸವೆಲ್ಲಿ' ಎಂದು ಗದರಲಿಲ್ಲ. ರೊಟ್ಟಿ ಕೊಟ್ಟ, ನೀರು ಕೊಟ್ಟ, ಮತ್ತೆ ಮಲಗಲು ಬಿಟ್ಟ. ನಮ್ಮ ಬಳ್ಳಾರಿಯ ಬಯಲಿನಲ್ಲಿ ಜಾಲಿಯ ಮರಗಳಿಗೆ ಕೊರತೆಯಿಲ್ಲ, ಅವುಗಳಡಿ ಕುಳಿತವರಿಗೂ ಇಲ್ಲ.

ಇಷ್ಟು ಹೇಳಿ ಎಲ್ಲ ದುಃಖಕ್ಕೂ ಮಾತ್ರೆಯೇ ಗತಿ ಎಂದರೆ ಅದೂ ತಪ್ಪು. ಗಂಡನನ್ನು ಮಣ್ಣಿಗಿಟ್ಟು ಬಂದವಳ ಅಳು ರೋಗವಲ್ಲ. ಸಾಲದಲ್ಲಿ ಬಿದ್ದ ರೈತನ ಬಡ್ಡಿಯನ್ನು ಯಾವ ಮಾತ್ರೆಯೂ ತೀರಿಸದು. ಅವನ ಪಕ್ಕದಲ್ಲಿ ಕುಳಿತು ಲೆಕ್ಕ ನೋಡುವ ನೆರೆಯವರನ್ನು ಔಷಧದಂಗಡಿಯಲ್ಲಿ ಮಾರುವುದಿಲ್ಲ. ಆದರೆ ಅಳುವ ಶಕ್ತಿಯೂ ಉಡುಗಿ, ವಾರಗಟ್ಟಲೆ ನಿದ್ರೆ ಹಸಿವು ಆಸೆಗಳು ಬತ್ತಿಹೋದಾಗ, ವೈದ್ಯರು ನೋಡಬೇಕಾದ ಸ್ಥಿತಿ ಅದು.

ಈಗ ಆ ಒಣಗಿದ ಬಾಯಿಯ ವಿಷಯ. ಈ ಔಷಧಗಳು ಮಿದುಳಿನ ನರಕೋಶಗಳ ನಡುವೆ ಸೆರೊಟೋನಿನ್, ನಾರ್‌ಅಡ್ರಿನಲಿನ್ ಎಂಬ ಸಂದೇಶವಾಹಕಗಳು ಬೇಗನೆ ಹಿಂಗದಂತೆ ತಡೆಯುತ್ತವೆ. ಆದರೆ ಅಷ್ಟಕ್ಕೇ ನಿಲ್ಲದೆ ಬೇರೆ ಬಾಗಿಲುಗಳನ್ನೂ ಮುಚ್ಚುತ್ತವೆ. ಅಸಿಟೈಲ್‌ಕೋಲಿನ್‌ನ ಬಾಗಿಲು ಮುಚ್ಚಿದಾಗ ಜೊಲ್ಲು ಬತ್ತುತ್ತದೆ, ಮಲಬದ್ಧತೆಯಾಗುತ್ತದೆ, ಮೂತ್ರ ಕಟ್ಟಬಹುದು, ಕಣ್ಣು ಮಂಜಾಗಬಹುದು. ಬೆವರೂ ಕಡಿಮೆಯಾಗುವುದುಂಟು, ನಮ್ಮ ಕಡೆಯ ಬಿಸಿಲಿನಲ್ಲಿ ಗದ್ದೆಗೆ ಹೋಗುವವರು ಇದನ್ನು ಮರೆಯಬಾರದು. ಹಿಸ್ಟಮಿನ್ ತಡೆದರೆ ಜೊಂಪು, ತೂಕದ ಏರಿಕೆ. ರಕ್ತದೊತ್ತಡ ಇಳಿದು ಎದ್ದು ನಿಂತೊಡನೆ ತಲೆ ಸುತ್ತುತ್ತದೆ, ಮುದುಕರು ಬೀಳುತ್ತಾರೆ. ಹೃದಯದ ಬಡಿತ ಏರುಪೇರಾಗುವ ಅಪಾಯವೂ ಉಂಟು. ಆದ್ದರಿಂದ ಹೃದ್ರೋಗ, ಗ್ಲಾಕೋಮಾ, ಪ್ರಾಸ್ಟೇಟ್ ತೊಂದರೆ ಇದ್ದವರು ವೈದ್ಯರಿಗೆ ಮೊದಲೇ ಹೇಳಬೇಕು. ಈ ಕಾರಣಗಳಿಂದಲೇ ಇಂದು ಖಿನ್ನತೆಗೆ ಸಾಮಾನ್ಯವಾಗಿ ಸರ್ಟ್ರಲಿನ್, ಫ್ಲೂಆಕ್ಸೆಟಿನ್‌ನಂತಹ ನಂತರದ ಔಷಧಗಳನ್ನು ಮೊದಲು ಕೊಡುತ್ತಾರೆ.

ಇದರಲ್ಲಿ ಒಂದು ಕ್ರೂರವಾದ ಅಂಶವಿದೆ. ತೊಂದರೆಗಳು ಮೊದಲ ದಿನವೇ ಬರುತ್ತವೆ. ಮನಸ್ಸಿಗೆ ಗುಣ ಕಾಣಲು ಎರಡರಿಂದ ನಾಲ್ಕು ವಾರ ಬೇಕು. ಇದನ್ನು ಯಾರೂ ಹೇಳದಿದ್ದರೆ ರೋಗಿ ಹತ್ತನೆಯ ದಿನ ಮಾತ್ರೆ ಎಸೆಯುವುದು ಸಹಜ. ಆದುದರಿಂದ 'ಹೇಳಿದರೆ ಹೆದರುತ್ತಾಳೆ' ಎಂದು ಅಡ್ಡಪರಿಣಾಮಗಳನ್ನು ಮುಚ್ಚಿಡುವುದು ದಯೆಯಲ್ಲ. ಮಜ್ಜಿಗೆಯಲ್ಲಿ ಮಾತ್ರೆಯನ್ನು ಅರೆದು ಗುಟ್ಟಾಗಿ ಕುಡಿಸುವ ಮನೆಗಳನ್ನು ಕಂಡಿದ್ದೇನೆ. ಪ್ರೀತಿಯಿಂದಲೇ ಮಾಡುತ್ತಾರೆ. ಆದರೆ ತನ್ನ ಬಾಯಿ ಏಕೆ ಒಣಗಿತು, ಎದ್ದರೆ ಕಣ್ಣು ಕತ್ತಲೆ ಏಕೆ ಬರುತ್ತದೆ ಎಂದು ತಿಳಿಯದವನಿಗೆ ತನ್ನ ದೇಹದ ಮೇಲೆಯೇ ಸಂಶಯ ಹುಟ್ಟುತ್ತದೆ. ಅವನೂ ಒಬ್ಬ ವ್ಯಕ್ತಿ. ಅವನಿಗೆ ಹೇಳಿಯೇ ಕೊಡಬೇಕು.

ಮನೆಯವರು ಮಾಡಬೇಕಾದ ಇನ್ನೊಂದು ಕೆಲಸವಿದೆ. ಈ ಗುಂಪಿನ ಮಾತ್ರೆಗಳನ್ನು ಒಮ್ಮೆಲೇ ಹೆಚ್ಚು ನುಂಗಿದರೆ ಹೃದಯ ನಿಲ್ಲಬಹುದು. ಸಾವಿನ ಆಲೋಚನೆಯುಳ್ಳವರ ಕೈಯಲ್ಲಿ ತಿಂಗಳ ಮಾತ್ರೆಯನ್ನು ಇಡಬೇಡಿ; ಮನೆಯ ಒಬ್ಬರು ಇಟ್ಟುಕೊಂಡು ದಿನದಿನಕ್ಕೆ ಕೊಡಲಿ. ಗದ್ದೆಯ ಕ್ರಿಮಿನಾಶಕವನ್ನೂ ಅಡಿಗೆಮನೆಯ ಮೂಲೆಯಿಂದ ದೂರ ಸಾಗಿಸಿ. ಮಕ್ಕಳಲ್ಲಿ, ಹದಿಹರೆಯದವರಲ್ಲಿ, 25ರ ಒಳಗಿನವರಲ್ಲಿ ಮೊದಲ ವಾರಗಳಲ್ಲಿ ಇಂತಹ ಆಲೋಚನೆ ಹೆಚ್ಚಬಹುದಾದ್ದರಿಂದ ಅವರ ಮೇಲೆ ವಿಶೇಷ ನಿಗಾ ಬೇಕು. ಮಾತ್ರೆ ನಿಲ್ಲಿಸುವುದಾದರೂ ವೈದ್ಯರ ಸಲಹೆಯಂತೆ, ಸ್ವಲ್ಪ ಸ್ವಲ್ಪವಾಗಿ. ರಾತ್ರಿ ಹೊತ್ತಿನಲ್ಲಿ ಯಾರೂ ಸಿಗದಿದ್ದರೆ 2022ರ ಅಕ್ಟೋಬರಿನಲ್ಲಿ ಸರಕಾರ ಆರಂಭಿಸಿದ ಟೆಲಿ ಮಾನಸ್ ಸೇವೆಗೆ, 14416ಕ್ಕೆ, ಕರೆ ಮಾಡಬಹುದು. ಕನ್ನಡದಲ್ಲಿಯೇ ಮಾತನಾಡುತ್ತಾರೆ.

ಆ ತಾಯಿಗೆ ಅಂದು ನಾನು ಇಷ್ಟನ್ನೆಲ್ಲ ಹೇಳಲಿಲ್ಲ. ಬಾಯಿ ಒಣಗುವುದು ಮಾತ್ರೆಯಿಂದ, ಸ್ವಾಮಿಯ ಮುನಿಸಿನಿಂದಲ್ಲ ಎಂದೆ. ಮಾತ್ರೆ ಬಿಡದೆ, ವೈದ್ಯರಲ್ಲಿ ಮತ್ತೊಮ್ಮೆ ಹೋಗಿ ಈ ತೊಂದರೆಯನ್ನು ಹೇಳುವಂತೆ ಒಪ್ಪಿಸಿದೆ. ಆಕೆಗೆ ಇನ್ನೊಂದು ಅಳುಕಿತ್ತು: ಪರಮಪ್ರಸಾದಕ್ಕೆ ಮುಂಚೆ ನೀರು ಕುಡಿದರೆ ಉಪವಾಸ ಮುರಿಯುವುದಿಲ್ಲವೇ? ಇಲ್ಲ, ಪರಮಪ್ರಸಾದಕ್ಕೆ ಮುನ್ನ ಒಂದು ಗಂಟೆಯ ಉಪವಾಸವನ್ನು ವಿಧಿಸುವ ಧರ್ಮಸಭೆಯ ಕಾನೂನೇ ನೀರನ್ನೂ ಔಷಧವನ್ನೂ ಅದರಿಂದ ಹೊರಗಿಟ್ಟಿದೆ. ಇದನ್ನು ಕೇಳಿ ಆಕೆ ನನ್ನನ್ನು ನಂಬಲೋ ಬೇಡವೋ ಎಂಬಂತೆ ನೋಡಿದರು.

ಮುಂದಿನ ಭಾನುವಾರ ಬಲಿಪೂಜೆಯಲ್ಲಿ ಅವರು ಮಗಳ ಪಕ್ಕದಲ್ಲಿ, ತೊಡೆಯ ಮೇಲೆ ಸ್ಟೀಲಿನ ಬಾಟಲಿಯೊಂದನ್ನು ಇಟ್ಟುಕೊಂಡು ಕುಳಿತಿದ್ದರು. ಸಾಲಿಗೆ ಬರುವ ಮುನ್ನ ಮುಚ್ಚಳ ತೆಗೆದು ಎರಡು ಗುಟುಕು ಕುಡಿದರು. ಹಿಂದಿನ ಸಾಲಿನವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು.