ಗುಡಿಗಳು ಕೂಡಿದರೆ ಸಾಕೆ?

ಒಂದೇ ಊರಲ್ಲಿ ಹಲವು ಧರ್ಮದ ಗುಡಿಗಳು ನಿಂತಿದ್ದರೆ ಆ ಊರ ಜನ ಸರಿಸಮಾನರಾಗಿ ಬಾಳಿದರು ಅನ್ನಬಹುದೆ? ಪುರ್ತಗೇರಿ ಸೀಮೆಯ ನಾವು ಐಹೊಳೆಗೆ ಹೋದಾಗಲೆಲ್ಲ ಈ ಪ್ರಶ್ನೆ ಕಾಡುತ್ತದೆ. ಕೆಳಗೆ ಶಿವ, ವಿಷ್ಣು, ಸೂರ್ಯರ ಗುಡಿಗಳು. ಮೇಗುತಿ ಗುಡ್ಡದ ನಡುದಾರಿಯಲ್ಲಿ ಎರಡಂತಸ್ತಿನ ಬೌದ್ಧ ಗುಡಿ. ನೆತ್ತಿಯ ಮೇಲೆ ರವಿಕೀರ್ತಿ 634ರಲ್ಲಿ ಕಟ್ಟಿಸಿದ ಜಿನಾಲಯ. "ನೋಡ್ರೆಪಾ, ಆಗ ಎಲ್ಲಾರೂ ಹೆಂಗ ಕೂಡಿದ್ರು" ಅಂತ ಮಾಸ್ತರರು ಹುಡುಗರಿಗೆ ಹೇಳತಾರೆ. ಚೀನಾದ ದಾತೋಂಗ್ ಬಳಿಯ ತೂಗುಗುಡಿಯಲ್ಲಂತೂ ಬುದ್ಧ, ಕನ್‌ಫ್ಯೂಶಿಯಸ್, ಲಾವೋತ್ಸೆ ಮೂವರೂ ಒಂದೇ ಕೋಣೆಯಲ್ಲಿ ಕೂತಿದ್ದಾರೆ.

ಮಾಸ್ತರರ ಮಾತು ಪೂರಾ ಸುಳ್ಳಲ್ಲ. ಒಬ್ಬರ ಗುಡಿ ಮಗ್ಗುಲಲ್ಲಿ ಇನ್ನೊಬ್ಬರಿಗೆ ಕಟ್ಟಗೊಡುವುದು ದೊಡ್ಡದೇ. ಆದರೆ ಗುಡಿ ಏಳಲು ಅರಸನ ಒಪ್ಪಿಗೆ, ಉಳ್ಳವರ ರೊಕ್ಕ ಇದ್ದರಾಯ್ತು. ಆ ಬಂಡೆಗಳನ್ನ ಗುಡ್ಡಕ್ಕೆ ಹೊತ್ತವರು ಯಾವ ಬಾವಿಯ ನೀರು ಕುಡಿದರು? ರವಿಕೀರ್ತಿ ಶಾಸನದಲ್ಲಿ ತನ್ನನ್ನು ಕಾಳಿದಾಸ, ಭಾರವಿಯರ ಸಾಲಿಗೆ ಸೇರಿಸಿಕೊಂಡ. ಹೊತ್ತವರ ಸುದ್ದಿ ಅದರಲ್ಲಿಲ್ಲ.

ಬುದ್ಧನ ಲೆಕ್ಕ ಬೇರೆ ಇತ್ತು. ಕ್ಷೌರಿಕ ಉಪಾಲಿಗೆ ಮೊದಲು ದೀಕ್ಷೆ ಕೊಟ್ಟು, ಆಮೇಲೆ ಬಂದ ಶಾಕ್ಯ ರಾಜಕುಮಾರರು ಅವನಿಗೆ ಬಾಗುವಂತೆ ಮಾಡಿದ ಅಂತ ಬೌದ್ಧರ ಕಥೆ ಹೇಳುತ್ತದೆ. ಗುಡ್ಡದ ಮೇಲೆ ಒಂದು ಗುಡಿಗೆ ಜಾಗ ಬಿಟ್ಟಷ್ಟು ಸಲೀಸಲ್ಲ ಇದು.

1930ರಲ್ಲಿ ಬಾಬಾಸಾಹೇಬರ ಮುಂದಾಳತ್ವದಲ್ಲಿ ಸಾವಿರಾರು ದಲಿತರು ನಾಸಿಕದ ಕಾಳಾರಾಮ ಗುಡಿಗೆ ಹೋದರು. ಅದೇ ನಾಸಿಕದ ಗುಡ್ಡದಲ್ಲಿ ಹಳೆಯ ಬೌದ್ಧ ಗುಹೆಗಳಿವೆ. ಊರೊಳಗಿನ ರಾಮನಿಗೂ ಗುಡ್ಡದ ಬುದ್ಧನಿಗೂ ಜಗಳವೇನೂ ಇರಲಿಲ್ಲ. ಬಾಗಿಲು ಮಾತ್ರ ಮುಚ್ಚಿತ್ತು.