ತೋನ್ಸೆಪಾರಿಗೆ ಒಂದು ದಿನದ ಟಿಕೆಟ್

ಶುಕ್ರವಾರ ರಾತ್ರಿ ಬಸವೇಶ್ವರನಗರದಿಂದ ಹೊರಟರೆ ಬೆಳಿಗ್ಗೆ ಉಡುಪಿ. ಅಲ್ಲಿಂದ ಮಲ್ಪೆ, ದೋಣಿ, ಸೇಂಟ್ ಮೇರಿಸ್ ದ್ವೀಪ. ಇಷ್ಟು ಅವಸರದಲ್ಲಿ ಹೋಗಿಬಂದು 'ದ್ವೀಪ ನೋಡಿದೆ' ಎನ್ನಬಹುದೇ? ಎನ್ನಬಹುದು. ಸುಮಾರು 8.8 ಕೋಟಿ ವರ್ಷಗಳ ಹಿಂದೆ, ಮಡಗಾಸ್ಕರ್ ನಮ್ಮ ನೆಲದಿಂದ ಬೇರ್ಪಡುತ್ತಿದ್ದ ಕಾಲದಲ್ಲಿ ಉಕ್ಕಿದ ಲಾವಾ, ತಣಿಯುತ್ತ ಕುಗ್ಗಿ ಬಿರುಕುಬಿಟ್ಟು ಅಲ್ಲಿನ ಕಂಬಗಲ್ಲುಗಳಾಗಿದೆ. ಅವುಗಳ ಮುಂದೆ ಒಂದು ಗಂಟೆ ನಿಂತರೂ ಒಂದೇ, ಒಂದು ಆಯುಷ್ಯ ನಿಂತರೂ ಒಂದೇ.

ತೊಡಕಿರುವುದು ಹೆಸರಿನಲ್ಲಿ. 1498ರಲ್ಲಿ ವಾಸ್ಕೋ ಡ ಗಾಮ ಇಲ್ಲಿಳಿದು ಮೇರಿಯ ಹೆಸರಿಟ್ಟನೆಂಬುದು ಪ್ರತೀತಿ. ಅವನೂ ನಮ್ಮಂತೆ ಬಂದುಹೋದವನೇ. ಊರಿನವರಿಗೆ ಇದು ತೋನ್ಸೆಪಾರ್. ಅದಕ್ಕೆ ಆರು ವರ್ಷ ಮೊದಲು, ಅಟ್ಲಾಂಟಿಕ್ ಸಾಗರದ ಆಚೆಬದಿಯ ಬಹಾಮಾಸ್‌ನಲ್ಲಿ ಕೊಲಂಬಸ್ ಇಳಿದಾಗ ಅಲ್ಲಿನವರ 'ಗ್ವಾನಹಾನಿ' ಅವನ ಬಾಯಲ್ಲಿ 'ಸಾನ್ ಸಾಲ್ವಡಾರ್' ಆಯಿತು. ಅಲ್ಲಿ ಹೆಸರಿನ ಬೆನ್ನಿಗೇ ಒಡೆತನ ಬಂತು. ಕೆಲವೇ ದಶಕಗಳಲ್ಲಿ ಆ ಜನರೇ ಇಲ್ಲವಾದರು.

ಮಲ್ಪೆಯಲ್ಲಿ ಹಾಗಾಗಲಿಲ್ಲ. ಮೀನುಗಾರರು ಇಂದಿಗೂ ಅದೇ ನೀರಿನಲ್ಲಿ ಬಲೆ ಬೀಸುತ್ತಾರೆ. ಆದರೂ ಪ್ರವಾಸಿಗೆ ಹೇಳುವ ಕಥೆ ಶುರುವಾಗುವುದು ಗಾಮನಿಂದಲೇ. ಗೈಡನ್ನು ದೂರುವುದು ಸುಲಭ, ನ್ಯಾಯವಲ್ಲ. ಕೇಳುವವರಿಗೆ ಬೇಕಾದ್ದನ್ನು ಅವರು ಹೇಳುತ್ತಾರೆ. ನಾವು ಬೇರೇನನ್ನು ಕೇಳಿದ್ದೇವೆ? (ಲೇಔಟು ಬರುವ ಮುಂಚೆ ನಮ್ಮ ಬೀದಿಯ ನೆಲಕ್ಕೆ ಏನು ಹೆಸರಿತ್ತೆಂದು ಬಸವೇಶ್ವರನಗರದಲ್ಲೂ ಯಾರೂ ಕೇಳುವುದಿಲ್ಲ ಎನ್ನಿ.) ಹಣ ಕೊಟ್ಟು ಹೋದವರಿಗೆ ಕುತೂಹಲದ ಹೊಣೆಯೂ ಇದೆಯೇ, ಅಥವಾ ಅದೂ ಟಿಕೆಟ್ಟಿನಲ್ಲೇ ಸೇರಿದೆಯೇ? ನನಗಂತೂ ಹೊಣೆಯಿದೆ ಅನ್ನಿಸುತ್ತದೆ. ದೋಣಿ ನಡೆಸುವವರು ತಮ್ಮತಮ್ಮಲ್ಲೇ ತುಳುವಿನಲ್ಲಿ ಮಾತಾಡಿಕೊಳ್ಳುತ್ತಿರುತ್ತಾರೆ. ನಾವು ಸೆಲ್ಫಿಗೆ ಜಾಗ ಹುಡುಕುತ್ತಿರುತ್ತೇವೆ.