ಅಧಿಕಾರಕ್ಕೆ ಬಂದವನು ಯಾರ ಕಣ್ಣಿನಿಂದ ನೋಡತಕ್ಕದ್ದು?

ಕೂಲಿಗಾರರ ಪರವಾಗಿ ಮಾತಾಡಿದವನು ತಾನೇ ಗದ್ದಿಗೆಯಲ್ಲಿ ಕೂತ ಮೇಲೆಯೂ ಅದೇ ಮಾತಿಗೆ ಬಾಧ್ಯನೋ? ಪ್ರಿಯ ವಾಚಕರೇ, ಇದು ಡಿಲ್ಲಿಯವರ ಪ್ರಶ್ನೆ ಮಾತ್ರವಲ್ಲ. ಗ್ರಾಮ ಪಂಚಾಯಿತಿಯ ಸದಸ್ಯರಾದವರೂ ಸಕಲೇಶಪುರದ ಕಾಫಿ ತೋಟಗಳಲ್ಲಿ ಆಳಾಗಿ ಸೇರಿ ಮೇಸ್ತ್ರಿಗಳಾದವರೂ ನಮ್ಮ ಸಭೆಗಳಲ್ಲಿಯೇ ಇರಬಹುದಷ್ಟೆ.

ನಮ್ಮ ಹಾಸನದಿಂದ ಘಟ್ಟವಿಳಿದರೆ ಸಿಕ್ಕುವ ಮಂಗಳೂರಿನಲ್ಲಿ 1930ನೆಯ ಇಸವಿಯಲ್ಲಿ ಹುಟ್ಟಿದ ಜಾರ್ಜ್ ಫರ್ನಾಂಡಿಸರ ಜೀವಿತವನ್ನು ದೃಷ್ಟಾಂತವಾಗಿ ತಕ್ಕೊಳ್ಳುತ್ತೇವೆ. ರೋಮನ್ ಕಥೋಲಿಕ ಮನೆತನದವರಾದ ಇವರು ಹದಿನಾರನೆಯ ವಯಸ್ಸಿನಲ್ಲಿ ಪಾದ್ರಿಯಾಗುವದಕ್ಕಾಗಿ ಬೆಂಗಳೂರಿನ ಗುರುಮಠವನ್ನು ಸೇರಿದರು. ಅಲ್ಲಿ ಮೇಲಿನ ಗುರುಗಳು ಎತ್ತರದ ಮೇಜಿನಲ್ಲಿ ಒಳ್ಳೇ ಊಟವನ್ನುಣ್ಣುವದನ್ನೂ ವಿದ್ಯಾರ್ಥಿಗಳಿಗೆ ಕೀಳಾದದ್ದು ಬೀಳುವದನ್ನೂ ಕಂಡು ಬೇಸತ್ತು ಹೊರಟುಬಂದರು. ಇದನ್ನೋದಿ ಕಥೋಲಿಕರನ್ನು ನೋಡಿ ನಗುವದು ಬೇಡ. ನಮ್ಮ ಸಭಾಭೋಜನಗಳಲ್ಲಿ ಯಾರಿಗೆ ಕುರ್ಚಿ, ಯಾರಿಗೆ ಚಾಪೆ ಎಂಬದನ್ನು ನಾವೆಲ್ಲರೂ ಬಲ್ಲೆವು.

1949ರಲ್ಲಿ ಕೆಲಸ ಹುಡುಕುತ್ತಾ ಮುಂಬಯಿಗೆ ಹೋಗಿ, ಬೀದಿಯಲ್ಲಿ ಮಲಗಿ, ಟಾಕ್ಸಿ ಓಡಿಸುವವರೇ ಮೊದಲಾದವರ ಸಂಘಗಳನ್ನು ಕಟ್ಟಿದರು. 1967ರಲ್ಲಿ ಎಸ್. ಕೆ. ಪಾಟೀಲರೆಂಬ ಪ್ರಬಲರನ್ನು ಸೋಲಿಸಿ ಲೋಕಸಭೆಯನ್ನು ಸೇರಿದರು. 1974ರ ಮೇ ತಿಂಗಳಲ್ಲಿ ಇವರ ಮುಂದಾಳುತನದಲ್ಲಿ ಲಕ್ಷಾಂತರ ರೈಲ್ವೆ ಕೆಲಸಗಾರರು ಸುಮಾರು ಇಪ್ಪತ್ತು ದಿವಸ ಕೆಲಸವನ್ನು ನಿಲ್ಲಿಸಿದರು. ಸಾವಿರಾರು ಮಂದಿ ಸೆರೆಗೆ ಹೋದರು. ಹದಿನೈದು ವರುಷಗಳ ತರುವಾಯ ಅದೇ ರೈಲ್ವೆಗೆ ಅವರೇ ಮಂತ್ರಿಯಾದರು!

1998ರಲ್ಲಿ ರಕ್ಷಣಾ ಮಂತ್ರಿಯಾದಾಗ ಸಿಯಾಚಿನ್ ಎಂಬ ಹಿಮಪ್ರದೇಶದ ಸಿಪಾಯಿಗಳಿಗೆ ಬೇಕಾದ ಹಿಮವಾಹನಗಳ ಕಾಗದಪತ್ರಗಳನ್ನು ತಡೆದಿಟ್ಟ ಅಧಿಕಾರಿಗಳನ್ನು, ಆ ಚಳಿಯ ರುಚಿ ನೋಡಿ ಬರಲೆಂದು ಅಲ್ಲಿಗೇ ಕಳುಹಿಸಿದರು. ಬೀದಿಯಲ್ಲಿ ಮಲಗಿದ್ದವನ ಬುದ್ಧಿ ಇದು, ನಾವು ಮೆಚ್ಚುತ್ತೇವೆ.

ಆದರೆ 1999ರ ಜನವರಿಯಲ್ಲಿ ಒಡಿಶಾದ ಮನೋಹರಪುರದಲ್ಲಿ, ಕುಷ್ಠರೋಗಿಗಳ ಸೇವಕರಾದ ಗ್ರಹಾಂ ಸ್ಟೇನ್ಸರೂ ಅವರ ಇಬ್ಬರು ಚಿಕ್ಕ ಗಂಡುಮಕ್ಕಳೂ ವಾಹನದಲ್ಲಿ ಮಲಗಿರುವಾಗಲೇ ಸುಡಲ್ಪಟ್ಟರು. ಅಲ್ಲಿಗೆ ಹೋದ ಮೂವರು ಮಂತ್ರಿಗಳಲ್ಲಿ ಫರ್ನಾಂಡಿಸರೂ ಒಬ್ಬರು. ಸರಕಾರವನ್ನು ಅಲುಗಾಡಿಸುವದಕ್ಕೆ ಪರದೇಶಗಳ ಶಕ್ತಿಗಳು ಮಾಡಿದ ಸಂಚು ಇದೆಂದು ಆ ಮೂವರು ತೀರ್ಮಾನಿಸಿದರು. 2003ರಲ್ಲಿ ನ್ಯಾಯಸ್ಥಾನವು ದಾರಾ ಸಿಂಗನೆಂಬ ನಮ್ಮ ದೇಶದವನನ್ನೇ ಅಪರಾಧಿಯೆಂದು ನಿರ್ಣಯಿಸಿತು.

ಅವರು ದ್ರೋಹಿಯಾದರೆಂದು ನಾವು ಹೇಳುವದಿಲ್ಲ. ಕಣ್ಣಾರೆ ನೋಡುವದಕ್ಕೆ ಸಿಯಾಚಿನ್‌ಗೆ ಹೇಗೋ ಹಾಗೆಯೇ ಮನೋಹರಪುರಕ್ಕೂ ಹೋದರಲ್ಲವೇ? ಆದರೆ ಹಿಮದಲ್ಲಿ ತಪ್ಪು ಕೆಳಗಿನ ಗುಮಾಸ್ತರದಾಗಿತ್ತು. ಇಲ್ಲಿಯಾದರೋ ತಮ್ಮ ಸರಕಾರದ ಹೆಸರೇ ತಕ್ಕಡಿಯಲ್ಲಿತ್ತು. ಮಂತ್ರಿಯಾದವನು ಸರಕಾರವನ್ನು ಬಿಟ್ಟುಕೊಡಬಾರದೆಂದು ಕೆಲವರು ವಾದಿಸುವರು. ಇರಬಹುದು, ಆದರೂ ವಿಚಾರಣೆ ಮುಗಿಯುವ ಪರ್ಯಂತ ಸುಮ್ಮನಿರುವದಕ್ಕೆ ಯಾವ ಪದವಿಯೂ ಅಡ್ಡಿಯಲ್ಲ.

ನೆಹೆಮೀಯನೂ ಪರದೇಶದಲ್ಲಿ ಸೇವಕನಾಗಿದ್ದು ದೇಶಾಧಿಪತಿಯಾದವನು. ಹೊಲಗಳನ್ನು ಒತ್ತೆಯಿಟ್ಟ ಬಡವರು ಕೂಗಿಕೊಂಡಾಗ, ಇದು ಶತ್ರುಗಳ ಹುನ್ನಾರವೆಂದು ಆತನು ಹೇಳಬಹುದಾಗಿತ್ತು. ಗೋಡೆಯ ಹೊರಗೆ ನಿಜವಾದ ಶತ್ರುಗಳೇ ಇದ್ದರು. ಹಾಗೆನ್ನದೆ, ಸಾಲ ಕೊಟ್ಟವರಲ್ಲಿ ತಾನೂ ತನ್ನ ಸಹೋದರರೂ ಸೇರಿದ್ದೇವೆಂದು ಸಭೆಯ ಮುಂದೆ ಒಪ್ಪಿಕೊಂಡು, ಒತ್ತೆಯನ್ನು ಬಿಡಿಸಿದನು. ಪದವಿಯನ್ನು ಆತನು ಬಿಡಲಿಲ್ಲ. ಹನ್ನೆರಡು ವರುಷ ಆಳಿದನು. ಆತನ ಪಂಕ್ತಿಯಲ್ಲಿ ನೂರೈವತ್ತು ಮಂದಿ ಉಣ್ಣುತ್ತಿದ್ದರು. ಜನರ ಹೊರೆ ಭಾರವಾಗಿದ್ದದರಿಂದ ದೇಶಾಧಿಪತಿಗೆ ಸಲ್ಲತಕ್ಕ ಆಹಾರವನ್ನು ಮಾತ್ರ ಕೇಳಲಿಲ್ಲ.